ಮಾತಿಲ್ಲದ ಸಿನಿಮಾಕ್ಕೆ ನಾನು ಹೇಳಿದ ಕತೆ

ಶ್ರಾವಣ ಶನಿವಾರಗಳಲ್ಲಿ ನಮ್ಮ ಬೀದಿಯ ಆಂಜನೇಯನ ಗುಡಿಯಲ್ಲಿ ಪುರಾಣ ಓದಿ ಅರ್ಥ ಹೇಳುವವಳು ನಾನು. ಹದಿನೈದು ವರ್ಷವಾಯಿತೇನೋ. ನನಗಿಂತ ಮುಂಚೆ ನಮ್ಮತ್ತೆ ಓದುತ್ತಿದ್ದರು. ಕಣ್ಣಿಗೆ ಪೊರೆ ಬಂದ ಮೇಲೆ ಪುಸ್ತಕವನ್ನು ನನ್ನ ಮಡಿಲಿಗೆ ಹಾಕಿ ಒಂದೇ ಒಂದು ಮಾತು ಹೇಳಿಕೊಟ್ಟರು.

"ಕಷ್ಟದ ಜಾಗದಲ್ಲಿ ಪುಸ್ತಕ ಮುಚ್ಬೇಡ ಕಣವ್ವ. ರಾಜ ಕಾಡಿಗೋದ ಅಂತ ಓದಿ ಮುಚ್ಚಿದ್ರೆ, ಕೇಳ್ದೋರ ಮನೇಲೂ ಯಾರಾರ ಒಬ್ರು ಕಾಡಲ್ಲೇ ಉಳ್ಕೊಂಬುಡ್ತಾರೆ. ಒಂದು ಒಳ್ಳೇದು ಬರೋಗಂಟ ಓದು."

ಹಾಗಾಗಿ ಗಂಟಲು ಒಣಗಿದರೂ, ಕೇಳುವವರಲ್ಲಿ ಅರ್ಧ ಜನ ತೂಕಡಿಸುತ್ತಿದ್ದರೂ, ಪಟ್ಟಾಭಿಷೇಕವೋ ಮದುವೆಯೋ ಮಗು ಹುಟ್ಟಿದ್ದೋ, ಏನಾದರೂ ಒಂದು ಮಂಗಳ ಬರುವ ತನಕ ಓದಿಯೇ ಮುಚ್ಚುತ್ತೇನೆ. ಈ ಅಭ್ಯಾಸವೇ ಹೋದ ಆಯುಧಪೂಜೆಯ ದಿನ ನನ್ನನ್ನು ಎಲ್ಲರ ಮುಂದೆ ಸಿಕ್ಕಿಹಾಕಿಸಿತು.

ನಮ್ಮದು ರಾಮನಗರದಲ್ಲಿ ರೇಷ್ಮೆಗೂಡಿನಿಂದ ನೂಲು ತೆಗೆಯುವ ಸಣ್ಣ ಶೆಡ್ಡು. ಮನೆಯ ಹಿಂದುಗಡೆಯೇ ಇದೆ. ಆರು ಬೇಸಿನ್ನು. ಬೇಸಿನ್ನು ಅಂದರೆ ಬಿಸಿನೀರಿನ ತೊಟ್ಟಿ. ಬೇಯಿಸಿದ ಗೂಡು ಅದರಲ್ಲಿ ತೇಲುತ್ತಿರುತ್ತದೆ. ಮುಂದೆ ಕೂತ ಹೆಂಗಸು ಒಂದೊಂದು ಗೂಡಿನ ಎಳೆ ಹುಡುಕಿ, ಏಳೆಂಟು ಎಳೆ ಸೇರಿಸಿ, ಮೇಲೆ ತಿರುಗುವ ರಾಟೆಗೆ ಕೊಡುತ್ತಾಳೆ. ಬೆಳಗಿನಿಂದ ಸಂಜೆಯ ತನಕ ಬೆರಳು ನೀರಲ್ಲೇ. ದೊಡ್ಡ ದೊಡ್ಡ ಆಟೋಮ್ಯಾಟಿಕ್ ಮಿಷಿನ್ನು ಬಂದ ಮೇಲೆ ನಮ್ಮಂಥ ಶೆಡ್ಡುಗಳು ಒಂದೊಂದಾಗಿ ಬಾಗಿಲು ಹಾಕುತ್ತಿವೆ. ನಮ್ಮದು ಇನ್ನೂ ನಡೆಯುತ್ತಿದೆ, ಬೆಟ್ಟದ ರಾಮದೇವರ ದಯೆ. ಮಾಲೀಕರು ಅಂದರೆ ನಾವೇನು ಕಾರಲ್ಲಿ ಓಡಾಡುವವರಲ್ಲ. ನಮ್ಮ ಮನೆಯವರು ಬೆಳಿಗ್ಗೆ ಗೂಡಿನ ಮಾರ್ಕೆಟ್ಟಿಗೆ ಹೋಗಿ, ಮೂಟೆಯ ಜೊತೆ ತಾವೂ ಗೂಡ್ಸ್ ಆಟೋದ ಹಿಂದೆ ಕೂತು ಬರುತ್ತಾರೆ. ಆದರೂ ಬೇಸಿನ್ನಿನ ಮುಂದೆ ಕೂತವರಿಗೆ ನಾನು ಅಮ್ಮಾವ್ರೇ.

ಶೆಡ್ಡಿನಲ್ಲಿ ನನಗೂ ಒಂದು ಕೆಲಸವಿತ್ತು. ಸಣ್ಣ ರಾಟೆಗೆ ಸುತ್ತಿದ ನೂಲನ್ನು ದೊಡ್ಡ ರಾಟೆಗೆ ಮತ್ತೆ ಸುತ್ತುವುದು, ಎಳೆ ತುಂಡಾದರೆ ಗಂಟು ಹಾಕುವುದು. ರೀರೀಲಿಂಗ್ ಅನ್ನುತ್ತೇವೆ. ಬಿಸಿನೀರಿಲ್ಲ, ಹೊಗೆಯಿಲ್ಲ, ಕಿಟಕಿಯ ಪಕ್ಕ ಸ್ಟೂಲು. ಕಿಟಕಿಯಿಂದ ನಮ್ಮ ತುಳಸಿಕಟ್ಟೆ ಕಾಣುತ್ತದೆ. ಅಡಿಗೆ, ಪಾತ್ರೆ, ಅತ್ತೆಯ ಸ್ನಾನ ಎಲ್ಲಾ ಮುಗಿಸಿ ಹನ್ನೊಂದಕ್ಕೆ ಆ ಸ್ಟೂಲಿನ ಮೇಲೆ ಕೂತು, ಮೊಬೈಲಿನಲ್ಲಿ ಸಣ್ಣಗೆ ಭಜನೆ ಹಾಕಿಕೊಂಡರೆ, ಅದೇ ನನಗೆ ದಿನದ ವಿಶ್ರಾಂತಿ. ಕೂತು ಮಾಡುವ ಕೆಲಸ ಕೊಟ್ಟೆಯಲ್ಲಪ್ಪಾ ಅಂತ ದೇವರಿಗೆ ಎಷ್ಟೋ ಸಲ ಕೈಮುಗಿದಿದ್ದೇನೆ.

ಮೂರನೇ ಬೇಸಿನ್ನಿನಲ್ಲಿ ಕೂರುವವಳನ್ನು ಎಲ್ಲರೂ ಆಪಾ, ಅಂದರೆ ಅಕ್ಕ, ಅನ್ನುತ್ತಾರೆ. ನನಗಿಂತ ನಾಲ್ಕೈದು ವರ್ಷ ದೊಡ್ಡವಳು. ಸಾಬರ ಬೀದಿಯಿಂದ ನಡೆದೇ ಬರುತ್ತಾಳೆ. ನಾನು ಸೊಸೆಯಾಗಿ ಬಂದಾಗಲೇ ಅದೇ ಬೇಸಿನ್ನಿನ ಮುಂದೆ ಇದ್ದಳು. ಅವಳಷ್ಟು ನಯವಾದ ನೂಲು ತೆಗೆಯುವವರು ನಮ್ಮಲ್ಲಿ ಇನ್ನೊಬ್ಬರಿಲ್ಲ. ಆದರೆ ಎರಡು ವರ್ಷದಿಂದ ಅವಳ ಬೆರಳು ಸಂದುಸಂದಿನಲ್ಲಿ ಬಾಯಿ ಬಿಟ್ಟಿದ್ದವು. ರಾತ್ರಿ ಹರಳೆಣ್ಣೆ ಹಚ್ಚಿ ಮಲಗುತ್ತಾಳೆ, ಬೆಳಿಗ್ಗೆ ಮತ್ತೆ ನೀರು. ಡಾಕ್ಟರು ಬಿಸಿನೀರು ಬಿಡು, ಇಲ್ಲದಿದ್ದರೆ ಬೆರಳು ಮಡಚುವುದಕ್ಕೂ ಆಗುವುದಿಲ್ಲ ಅಂದುಬಿಟ್ಟಿದ್ದರಂತೆ.

ಗೌರಿಹಬ್ಬದ ಬೆಳಿಗ್ಗೆ ಅವಳು ಹಿತ್ತಿಲ ಬಾಗಿಲಿಗೆ ಬಂದಳು. ನಾನು ಮಡಿಯುಟ್ಟು ಬಾಗಿನ ಜೋಡಿಸುತ್ತಿದ್ದೆ.

"ಅಮ್ಮಾ, ಕಿಟಕಿ ಪಕ್ಕದ ಕೆಲಸ ನಂಗೆ ಕೊಟ್ರೆ ಒಸಿ ಕೈ ಉಳ್ಕೊತದೆ," ಅಂದಳು. ಅಷ್ಟೇ. ಅಳಲಿಲ್ಲ, ಗೋಗರೆಯಲಿಲ್ಲ.

"ಇವತ್ತು ಹಬ್ಬ ಕಣಾಪಾ. ಮುಗೀಲಿ, ನೋಡೋಣ," ಅಂದೆ. ಅಂದು, ಬಿಸಿ ಕಡುಬು ಎರಡು ಬಾಳೆಲೆಯಲ್ಲಿಟ್ಟು ಕೊಟ್ಟೆ. ಅವಳು ಬೆರಳಲ್ಲಿ ಹಿಡಿಯದೆ ಎರಡೂ ಅಂಗೈ ಸೇರಿಸಿ, ತೀರ್ಥ ತೆಗೆದುಕೊಂಡ ಹಾಗೆ, ತೆಗೆದುಕೊಂಡು ಹೋದಳು.

ನಮ್ಮ ಮನೆಯವರಿಗೆ ಹೇಳಿದೆ. "ಅದು ನಿನ್ನ ಜಾಗ. ನೀನು ಬುಡ್ತೀನಿ ಅಂದ್ರೆ ಬುಡು. ಆದ್ರೆ ಮೂರನೇ ಬೇಸಿನ್ನಿಗೆ ಯಾರು ಕೂರ್ತಾರೆ? ಈಗ ಜನ ಎಲ್ಲಿ ಸಿಗ್ತಾರೆ?" ಅಂದರು. ಅವರು ಅಂದದ್ದರಲ್ಲಿ ತಪ್ಪೇನಿರಲಿಲ್ಲ. ಗೌರಿಹಬ್ಬ ಹೋಯಿತು, ಪಿತೃಪಕ್ಷ ಬಂತು. ಪಿತೃಪಕ್ಷದಲ್ಲಿ ಹೊಸದು ಏನೂ ಮಾಡಬಾರದು ಅಂತ ನನಗೆ ನಾನೇ ಹೇಳಿಕೊಂಡೆ. ಆಪಾ ಎರಡನೇ ಸಲ ಕೇಳಲಿಲ್ಲ.

ಆಯುಧಪೂಜೆಗೆ ನಮ್ಮಲ್ಲಿ ಬೇಸಿನ್ನಿನ ನೀರು ಬಸಿದು, ಒಲೆ ಆರಿಸಿ, ರಾಟೆಗೆಲ್ಲ ಅರಿಶಿನ ಕುಂಕುಮ ಹಚ್ಚಿ, ಬೂದುಗುಂಬಳ ಒಡೆಯುತ್ತೇವೆ. ವರ್ಷದಲ್ಲಿ ಆಗ ಮಾತ್ರ ಶೆಡ್ಡು ತಣ್ಣಗಿರುತ್ತದೆ. ಕೆಲಸದವರೆಲ್ಲ ಒಳ್ಳೆಯ ಸೀರೆ ಉಟ್ಟು ಬರುತ್ತಾರೆ. ಪುರಿ, ಸಿಹಿ, ಊಟ. ಚನ್ನಪಟ್ಟಣದ ಕಾಲೇಜಿನಲ್ಲಿ ಪಾಠ ಮಾಡುವ ನನ್ನ ಮಗಳು ಈ ಸಲ ಅದಕ್ಕೆ ಇನ್ನೊಂದು ಸೇರಿಸಿದಳು. ಅವಳಿಗೆ ಹಳೆಯ ಸಿನಿಮಾದ ಹುಚ್ಚು. ಕಾಲೇಜಿನ ಪ್ರೊಜೆಕ್ಟರ್ ತಂದು ಶೆಡ್ಡಿನ ಗೋಡೆಗೆ ಅಪ್ಪನ ಪಂಚೆ ಕಟ್ಟಿ, ಜಪಾನಿನ ಸಿನಿಮಾ ತೋರಿಸುತ್ತೀನಿ ಅಂದಳು.

"ನೂರು ವರ್ಷದ ಹತ್ತಿರದ್ದು ಅಮ್ಮ. ಮಾತಿಲ್ಲ. ರೇಷ್ಮೆ ಮಿಲ್ಲಿನ ಹುಡುಗಿಯ ಕತೆ. ಇವರಿಗಲ್ಲದೆ ಇನ್ಯಾರಿಗೆ ತೋರಿಸಲಿ?"

"ಮಾತಿಲ್ಲ ಅಂದ್ಮೇಲೆ ಏನು ತಿಳೀತದೆ ಮಗಾ?"

ಆಗ ಅವಳು ಹೇಳಿದ್ದು ನನಗೆ ಹಿಡಿಸಿಬಿಟ್ಟಿತು. ಆ ಕಾಲದಲ್ಲಿ ಜಪಾನಿನಲ್ಲಿ ಪರದೆಯ ಪಕ್ಕ ಒಬ್ಬರು ನಿಂತು ಕತೆ ಹೇಳುತ್ತಿದ್ದರಂತೆ. ಗಂಡಸಿನ ದನಿ, ಹೆಂಗಸಿನ ದನಿ, ಮಗುವಿನ ದನಿ ಎಲ್ಲಾ ಅವರದೇ. ಓದಲು ಬಾರದ ಕೂಲಿಯವರು ಚಿತ್ರ ನೋಡುವುದಕ್ಕಿಂತ ಹೆಚ್ಚಾಗಿ ಇಂಥವರ ದನಿ ಕೇಳುವುದಕ್ಕೇ ಬರುತ್ತಿದ್ದರಂತೆ. ಆಮೇಲೆ ಮಾತಾಡುವ ಸಿನಿಮಾ ಬಂದು ಅವರ ಹೊಟ್ಟೆಪಾಡು ಹೋಯಿತಂತೆ. ಬಡವರ ಕಷ್ಟ ತೋರಿಸಿದ ಚಿತ್ರಗಳನ್ನು ಅಧಿಕಾರಿಗಳು ಅಲ್ಲಲ್ಲಿ ಕತ್ತರಿಸಿದ್ದೂ ಉಂಟಂತೆ. ಉಳಿದಿದ್ದರಲ್ಲಿ ಎಷ್ಟೋ ಸುಟ್ಟುಹೋಗಿ, ಕೊಳೆತುಹೋಗಿ, ಈಗ ಸಿಗುವುದು ಸ್ವಲ್ಪವೇ.

"ನೀನೇ ನಿಂತು ಹೇಳು. ಗುಡೀಲಿ ಹೇಳಲ್ವಾ, ಹಂಗೆ," ಅಂತ ನಾಲ್ಕು ಹಾಳೆ ಕೊಟ್ಟಳು. ನಡುನಡುವೆ ಬರುವ ಅಕ್ಷರದ ತುಂಡುಗಳನ್ನೆಲ್ಲ ಕನ್ನಡದಲ್ಲಿ ಬರೆದಿದ್ದಳು.

ಹಿಂದಿನ ದಿನ ಒಬ್ಬಟ್ಟಿನ ಹೂರಣ ತಿರುವುತ್ತಾ ಓದಿದೆ. ಬೆಟ್ಟದ ಹಳ್ಳಿಯ ಹುಡುಗಿ. ಅಪ್ಪ ಅವಳನ್ನು ಹಿಮದಲ್ಲಿ ನಡೆಸಿಕೊಂಡು ಬಂದು ಮಿಲ್ಲಿಗೆ ಬಿಡುತ್ತಾನೆ. ಬಿಸಿನೀರಿನಲ್ಲಿ ಅವಳ ಕೈ ಹಾಳಾಗುತ್ತದೆ. ಹಬ್ಬದ ದಿನ ಧೈರ್ಯ ಮಾಡಿ ಮಾಲೀಕನ ಮನೆಗೆ ಹೋಗಿ, ಬೇರೆ ಕೆಲಸ ಕೊಡಿ ಅಂತ ಮಾಲೀಕನ ಹೆಂಡತಿಯನ್ನು ಕೇಳುತ್ತಾಳೆ. ಮೂರನೇ ಹಾಳೆಯಲ್ಲಿ ಆ ಹೆಂಡತಿಯ ಮಾತು ಇತ್ತು. "ಇವತ್ತು ಹಬ್ಬ." ಅಷ್ಟೇ. ಕೆಳಗೆ ಮಗಳು ಕಂಸದಲ್ಲಿ ಬರೆದಿದ್ದಳು: ಬಾಗಿಲು ಎಳೆದುಕೊಳ್ಳುತ್ತಾಳೆ. ಕೊನೆಯಲ್ಲಿ ಹುಡುಗಿ ಮತ್ತೆ ಅದೇ ಬೇಸಿನ್ನಿನ ಮುಂದೆ.

ಹೂರಣ ತಳ ಹಿಡಿಯಿತು. ಮಗಳಿಗೆ ಗೌರಿಹಬ್ಬದ ವಿಷಯ ಗೊತ್ತಿರಲಿಲ್ಲ, ನಾನೂ ಹೇಳಲಿಲ್ಲ. ನಾನು ಕಡುಬಾದರೂ ಕೊಟ್ಟಿದ್ದೆ, ಬಾಗಿಲು ಹಾಕಲಿಲ್ಲ ಅಂತ ಮನಸ್ಸಿನಲ್ಲೇ ಆ ಜಪಾನಿನ ಹೆಂಗಸಿನ ಜೊತೆ ಜಗಳ ಆಡಿದೆ. ಆಮೇಲೆ ಅತ್ತೆಯ ಮಾತು ನೆನಪಾಯಿತು. ಕಷ್ಟದ ಜಾಗದಲ್ಲಿ ಮುಚ್ಚಬಾರದು. ಹಬ್ಬದ ದಿನ ಬೇರೆ. ಒಂದು ಒಳ್ಳೆಯ ಮಾತು ಸೇರಿಸಿದರೆ ತಪ್ಪೇನು ಅನ್ನಿಸಿತು.

ಊಟವಾದ ಮೇಲೆ ಕಿಟಕಿಗಳಿಗೆ ಟಾರ್ಪಾಲು ಕಟ್ಟಿ ಮಧ್ಯಾಹ್ನವನ್ನೇ ಕತ್ತಲು ಮಾಡಿದರು. ಹೆಂಗಸರು ಚಾಪೆಯ ಮೇಲೆ, ನಮ್ಮತ್ತೆ ಕುರ್ಚಿಯಲ್ಲಿ. ನಾನು ಪಂಚೆಯ ಪಕ್ಕ ಹಾಳೆ ಹಿಡಿದು ನಿಂತೆ. ಮಗಳು ನನ್ನ ಕೈಗೆ ಒಂದು ಸಣ್ಣ ಟಾರ್ಚು ಕೊಟ್ಟಿದ್ದಳು.

ಮೊದಮೊದಲು ಎಲ್ಲರಿಗೂ ನಗು. ಮಿಲ್ಲಿನ ಗುಮಾಸ್ತ ಹ್ಯಾಟು ಹಾಕಿಕೊಂಡು ಜಂಬದಿಂದ ನಡೆದು ಹಿಮದಲ್ಲಿ ಜಾರಿ ಬೀಳುತ್ತಾನೆ. ಕೈಲಾಂಚದ ಕಡೆಯಿಂದ ಬರುವ ಐದನೇ ಬೇಸಿನ್ನಿನವಳಿಗೆ ಬಾಯಿ ಜಾಸ್ತಿ. "ನಮ್ಮ ಯಜಮಾನ್ರು ಹೋದ ಮಳೇಲಿ ಗೂಡಿನ್ ಮೂಟೆ ಸಮೇತ ಬಿದ್ರಲ್ಲಾ, ಹಿಂಗೇಯಾ!" ಅಂದಳು. ಹಿಂದೆ ನಿಂತಿದ್ದ ನಮ್ಮ ಮನೆಯವರೂ ನಕ್ಕರು.

ಆಮೇಲೆ ಪಂಚೆಯ ಮೇಲೆ ಮಿಲ್ಲು ಬಂತು. ಸಾಲಾಗಿ ಬೇಸಿನ್ನು, ಆವಿ, ತಲೆಗೆ ಬಟ್ಟೆ ಕಟ್ಟಿದ ಹುಡುಗಿಯರು.

"ಅಯ್ಯೋ, ನಮ್ ಕೆಲ್ಸಾನೆ ಕಣ್ರೇ," ಅಂದರು ಯಾರೋ.

"ವಾಸನೆ ಒಂದಿಲ್ಲ ನೋಡು. ಪುಣ್ಯವಂತ್ರು," ಅಂದಳು ಕೈಲಾಂಚದವಳು. ಬೆಂದ ಹುಳದ ವಾಸನೆ ನಮ್ಮ ಸೀರೆಯಿಂದ ಎಷ್ಟು ಒಗೆದರೂ ಹೋಗುವುದಿಲ್ಲ.

ಆ ಹುಡುಗಿ ಗೂಡಿನ ಎಳೆಯನ್ನು ಬೆರಳ ತುದಿಯಲ್ಲಿ ಚಿಮ್ಮಿ ಓಡುವ ನೂಲಿಗೆ ಎಸೆದಳು. ಅದು ಅಂಟಿಕೊಂಡು ಹೋಯಿತು. ಆಪಾ ಮುಂದಕ್ಕೆ ಬಾಗಿದಳು.

"ಇವ್ಳು ನಾಟ್ಕದೋಳಲ್ಲ," ಅಂದಳು. "ಕೆಲ್ಸ ಮಾಡ್ದೋಳೇ. ನೋಡು ಎಸೆಯೋದ. ಕಲಿಯಾಕೆ ನಂಗೆ ಎರಡು ವರ್ಷ ಹಿಡೀತು."

ನೂಲು ತೆಗೆಯುವವಳನ್ನೇ ಕರೆದು ತಂದಿದ್ದರೋ, ನಟಿಗೆ ಕಲಿಸಿದ್ದರೋ, ಮಗಳಿಗೂ ತಿಳಿಯದು. ಆದರೆ ಆ ಮಾತಿನ ಮೇಲೆ ಎಲ್ಲರೂ ಆ ಹುಡುಗಿಯನ್ನು ನಮ್ಮವಳೇ ಅಂತ ನೋಡಲು ಶುರು ಮಾಡಿದರು. ಅವಳು ನೀರಿನಿಂದ ಕೈ ತೆಗೆದು ಸೀರೆಯಂಥ ಬಟ್ಟೆಯಲ್ಲಿ ಒತ್ತಿಕೊಂಡಾಗ ಚಾಪೆಯ ಮೇಲೆ ಮೂರು ನಾಲ್ಕು ಜನ ತಮ್ಮ ಕೈಗಳನ್ನು ಸೆರಗಿನೊಳಗೆ ಎಳೆದುಕೊಂಡರು.

ಮಾಲೀಕನ ಮನೆ ಬಂತು. ಅಂಗಳದಲ್ಲಿ ಹಬ್ಬದ ಅಲಂಕಾರ. ಒಳ್ಳೆಯ ಬಟ್ಟೆ ಉಟ್ಟ ಹೆಂಗಸು ಜಗಲಿಯ ಮೇಲೆ ಕೂತು ಮಗುವಿಗೆ ಹಣ್ಣು ಬಿಡಿಸಿ ಕೊಡುತ್ತಿದ್ದಾಳೆ. ಕೆಳಗೆ ಹುಡುಗಿ ಬಾಗಿ ನಿಂತು ಎರಡೂ ಕೈ ಚಾಚಿದ್ದಾಳೆ. ಅಕ್ಷರ ಮೂಡಿತು. ಟಾರ್ಚಿನ ಬೆಳಕಿನಲ್ಲಿ ನನ್ನ ಹಾಳೆಯ ಮೇಲೆ ಎರಡೇ ಎರಡು ಪದ.

ನಾನು ಪುರಾಣದ ದನಿಯಲ್ಲಿ ಹೇಳಿದೆ: "ಆಗ ಆ ತಾಯಿ ಹುಡುಗಿಯ ಕೈ ನೋಡಿ ಕರುಣೆಯಿಂದ, 'ಇವತ್ತು ಹಬ್ಬ ಕಣಮ್ಮ, ನಾಳೆಯಿಂದ ನಿನಗೆ ಬೇರೆ ಕೆಲಸ ಕೊಡ್ತೀನಿ, ಹೆದರಬೇಡ' ಅಂದಳು."

ಪ್ರೊಜೆಕ್ಟರಿನ ಪಕ್ಕದಿಂದ ಮಗಳು "ಅಮ್ಮಾ?" ಅಂದಳು. ನಾನು ಆ ಕಡೆ ನೋಡಲಿಲ್ಲ. ಪಂಚೆಯ ಮೇಲೆ ಹೆಂಗಸು ಎದ್ದು, ಮಗುವನ್ನು ಒಳಕ್ಕೆ ಕಳಿಸಿ, ಕಾಗದದ ಬಾಗಿಲನ್ನು ಮೆಲ್ಲಗೆ ಎಳೆದುಕೊಂಡಳು. ಬಾಗಿಲ ಮೇಲೆ ಅವಳ ನೆರಳು ಸ್ವಲ್ಪ ಹೊತ್ತು ನಿಂತು, ಹೋಯಿತು.

ಮುಂದಿನ ಚಿತ್ರದಲ್ಲಿ ಹುಡುಗಿ ಬೇಸಿನ್ನಿನ ಮುಂದೆ ಇದ್ದಳು. ಅದೇ ಆವಿ, ಅದೇ ನೀರು.

"ಅಮ್ಮಾ," ಅಂದಳು ಆಪಾ ಕತ್ತಲಿನಲ್ಲಿ. ಜೋರಾಗಿಯೇನೂ ಅಲ್ಲ. "ಬ್ಯಾರೆ ಕೆಲ್ಸ ಕೊಡ್ತೀನಿ ಅಂದ್ರಲ್ಲಾ ಆವಮ್ಮ. ಮತ್ಯಾಕೆ ಇಲ್ಲೇ ಕುಂತವ್ಳೆ?"

ಕೈಲಾಂಚದವಳಿಗೆ ಬಾಯಿ ತಡೆಯಲಾಗಲಿಲ್ಲ. "ಹಬ್ಬ ಇನ್ನೂ ಮುಗ್ದಿಲ್ವೇನೋ!"

ಎಲ್ಲರೂ ನಕ್ಕರು. ಆಪಾ ಕೂಡ ನಕ್ಕಳು. ಅವಳು ನನ್ನನ್ನು ಕುಟುಕಲಿಕ್ಕೆ ಕೇಳಿದಳೋ, ನಿಜವಾಗಿ ಕತೆ ತಿಳಿಯದೆ ಕೇಳಿದಳೋ, ಇವತ್ತಿಗೂ ನನಗೆ ಗೊತ್ತಿಲ್ಲ. ಕೇಳಿಯೂ ಇಲ್ಲ. ಹದಿನೈದು ವರ್ಷ ಪುರಾಣ ಓದಿದವಳಿಗೆ ಮುಂದಿನ ಸಾಲು ಕಾಣಲಿಲ್ಲ. ಟಾರ್ಚು ಆರಿಸಿದೆ, ಉಳಿದ ಚಿತ್ರ ಕತೆ ಹೇಳುವವರಿಲ್ಲದೆಯೇ ಓಡಿತು. ಹುಡುಗಿಯ ಕೈ ದೊಡ್ಡದಾಗಿ ಬಂತು, ಆವಿಯಲ್ಲಿ ಕಾಣದೆ ಹೋಯಿತು, ಪಂಚೆ ಬೆಳ್ಳಗಾಯಿತು.

ಟಾರ್ಪಾಲು ಬಿಚ್ಚಿದಾಗ ಹೊರಗೆ ಇನ್ನೂ ಬಿಸಿಲಿತ್ತು. ಹೆಂಗಸರು ಪುರಿ ಪೊಟ್ಟಣ ತೆಗೆದುಕೊಂಡು ಹೊರಟರು. ಮಗಳು ಪಂಚೆ ಮಡಚುತ್ತಾ, "ಯಾಕಮ್ಮಾ ಬದಲಾಯಿಸಿದೆ?" ಅಂದಳು. ಹಬ್ಬದ ದಿನ ಅಶುಭ ಬೇಡ ಅಂತ, ಅಂದೆ. ಅವಳು ನಂಬಿದಳು. ಕುರ್ಚಿಯಿಂದ ನಮ್ಮತ್ತೆ ಮಾತ್ರ, "ನಾನು ಯೋಳ್ಕೊಟ್ಟಿದ್ದು ಒಳ್ಳೇದು ಬರೋಗಂಟ ಓದು ಅಂತ," ಅಂದರು. "ಬರದೇ ಇರೋದ ಬಂತು ಅಂತ ಓದು ಅಂದಿದ್ನಾ?" ಕಣ್ಣು ಕಾಣದಿದ್ದರೂ ಕಿವಿ ಚುರುಕು.

ದೇವರ ಮನೆಯಲ್ಲಿ ದೀಪ ಹಚ್ಚುವಾಗ ಲೆಕ್ಕ ಹಾಕಿದೆ. ಆಪಾ ಕೇಳಿದ ದಿನದಿಂದ ಎಷ್ಟು ಹಬ್ಬ ಬಂದು ಹೋಯಿತು ಅಂತ. ಮೂರನೇ ಬೇಸಿನ್ನಿಗೆ ಯಾರು ಕೂರುತ್ತಾರೆ ಅನ್ನುವ ಪ್ರಶ್ನೆಗೆ ಉತ್ತರ ನಾನೇ ಅಂತ ಗೊತ್ತಿತ್ತು. ನನಗೆ ಕಿಟಕಿ ಬಿಡಲು ಮನಸ್ಸಿರಲಿಲ್ಲ, ಅಷ್ಟೇ. ನನ್ನ ವಿಶ್ರಾಂತಿಗೆ ದೇವರಿಗೆ ಕೈಮುಗಿಯುತ್ತಿದ್ದೆ, ಅದು ಯಾರ ಪಾಲಿನದು ಅಂತ ಕೇಳಿರಲಿಲ್ಲ.

ವಿಜಯದಶಮಿ ಕಳೆದು ಒಲೆ ಹಚ್ಚಿದ ದಿನ ಅಡಿಗೆ ಮುಗಿಸಿ ಶೆಡ್ಡಿಗೆ ಇಳಿದೆ. "ಆಪಾ, ನೀನು ಕಿಟಕಿ ಹತ್ರ ಹೋಗು. ಜನ ಸಿಗೋಗಂಟ ಇಲ್ಲಿ ನಾನು ಕೂರ್ತೀನಿ," ಅಂದೆ.

ಅವಳು ಏಳಲಿಲ್ಲ. "ನೀವಾ? ಎಳೆ ಹಿಡಿಯಾಕೆ ಬತ್ತದಾ ನಿಮ್ಗೆ?"

"ಸೊಸೆಯಾಗಿ ಬಂದ ಹೊಸದ್ರಲ್ಲಿ ಕೂತಿದ್ದೆ."

"ಕೂತಿದ್ರಿ. ಮೂರು ದಿನ," ಅಂದಳು. "ಆಮೇಲೆ ಬಸುರಿ ಅಂದ್ಬುಟ್ರಿ." ಸುತ್ತ ನಗು. ಆದರೂ ಎದ್ದಳು.

ಇಷ್ಟಕ್ಕೆ ಎಲ್ಲಾ ಸರಿಹೋಯಿತು ಅಂತ ಬರೆದರೆ ಮತ್ತೆ ಅದೇ ಪುರಾಣವಾಗುತ್ತದೆ. ಕಿಟಕಿಯ ಪಕ್ಕ ಕೂತ ಆಪಾಗೆ ಮೊದಲ ದಿನವೇ ಕೆಲಸ ಸಾಗಲಿಲ್ಲ. ಒಣಗಿ ಬಿರಿದ ಅವಳ ಬೆರಳಿನ ಚರ್ಮಕ್ಕೆ ರೇಷ್ಮೆಯ ಎಳೆ ಸಿಕ್ಕಿಕೊಳ್ಳುತ್ತಿತ್ತು. ಮುಟ್ಟಿದರೆ ತುಂಡು, ಗಂಟು ಹಾಕಲು ಹೋದರೆ ಇನ್ನೊಂದು ತುಂಡು. ಅಷ್ಟು ನಯವಾದ ನೂಲು ತೆಗೆದವಳಿಗೆ ಈಗ ತನ್ನ ನೂಲನ್ನೇ ಮುಟ್ಟುವ ಹಾಗಿರಲಿಲ್ಲ. ಅವಳು ರಾಟೆ ನಿಲ್ಲಿಸಿ ಕೈ ಮಡಿಲಲ್ಲಿಟ್ಟು ಕೂತಿದ್ದನ್ನು ಮೂರನೇ ಬೇಸಿನ್ನಿನಿಂದ ನೋಡಿದೆ. ಗೌರಿಹಬ್ಬಕ್ಕೇ ಕೂರಿಸಿದ್ದರೆ ಇಷ್ಟಾಗುತ್ತಿರಲಿಲ್ಲವೇನೋ. ಮನೆಯವರು ಬಂದು ನೋಡಿ, ಕೆಲಸ ನಿಂತಿದ್ದಕ್ಕೆ ಬೈಯದೆ ಹೋದರು. ಅದೂ ಒಂದು ಉಪಕಾರವೇ.

ನಮ್ಮತ್ತೆಯ ಹಳೆಯ ಮೆತ್ತನೆ ಮಲ್ಲು ಸೀರೆ ಹರಿದು ಬೆರಳಿಗೆ ಸುತ್ತಿಕೊಟ್ಟೆ. ಹರಳೆಣ್ಣೆಯ ಜೊತೆ ಜೇನುಮೇಣ ಕರಗಿಸಿ ಹಚ್ಚಿದಳು. ಬಟ್ಟೆ ಸುತ್ತಿದ ಬೆರಳಿನಲ್ಲಿ ನಿಧಾನಕ್ಕೆ, ದಿನಕ್ಕೆ ಅಲ್ಲಿ ನಾನು ಮಾಡುತ್ತಿದ್ದುದರ ಅರ್ಧದಷ್ಟು ಕೆಲಸ ಆಗುತ್ತಿತ್ತು. ಬೇಸಿನ್ನಿನಲ್ಲಿ ನನ್ನದು ಇನ್ನೂ ಕಡಿಮೆ. ಎಳೆ ಎಸೆಯುವುದು ಕೈ ತಪ್ಪಿಹೋಗಿತ್ತು. ಹತ್ತು ದಿನಕ್ಕೆ ನನ್ನ ಬೆರಳಿನ ಸಂದು ಬೆಳ್ಳಗಾಗಿ ಉಬ್ಬಿತು, ಹದಿನೈದಕ್ಕೆ ಬಾಯಿ ಬಿಟ್ಟಿತು. ರಾತ್ರಿ ಸಾರಿಗೆ ಹುಣಸೆಹಣ್ಣು ಕಿವುಚಲು ಆಗುತ್ತಿರಲಿಲ್ಲ. ಮನೆಯವರು ತಾವೇ ಕಿವುಚಿ ಕೊಡುತ್ತಿದ್ದರು. ಸುಸ್ತು ಎಷ್ಟೆಂದರೆ ಜಪಕ್ಕೆ ಕೂತರೆ ಮಣಿ ಎಲ್ಲಿಗೆ ಬಂತು ಅಂತ ಮರೆತುಹೋಗುತ್ತಿತ್ತು.

ಕಾರ್ತಿಕ ಸೋಮವಾರ ಒಂದು ದಿನ ಆಪಾ ದೊಡ್ಡ ರಾಟೆಯಿಂದ ಒಂದು ಲಡಿ ನೂಲು ಬಿಚ್ಚಿ ತಂದು ಬೆಳಕಿಗೆ ಹಿಡಿದಳು. ಬೆರಳಿಗೆ ಬಟ್ಟೆ ಇರಲಿಲ್ಲ. ಚರ್ಮ ಹೊಸದಾಗಿ, ಮಗುವಿನದರ ಹಾಗೆ ಕೆಂಪಗಿತ್ತು. ಲಡಿ ನಯವಾಗಿತ್ತು. ನಾನು ಮುಟ್ಟಿ ನೋಡಲು ಕೈ ಚಾಚಿದೆ.

"ಮುಟ್ಬ್ಯಾಡಿ ಅಮ್ಮಾ," ಅಂದು ಹಿಂದಕ್ಕೆ ಎಳೆದುಕೊಂಡಳು. "ನಿಮ್ ಬೆರಳಿಗೆ ಈಗ ಎಳೆ ಸಿಕ್ಕೊತದೆ."

ಹೋದ ವಾರ ಮಾಗಡಿಯ ಕಡೆಯ ಒಬ್ಬ ಹೆಂಗಸು ಕೆಲಸ ಕೇಳಿಕೊಂಡು ಹಿತ್ತಿಲ ಬಾಗಿಲಿಗೆ ಬಂದಳು. ಇಲ್ಲೇ ರೈಲ್ವೆ ಸ್ಟೇಷನ್ನಿನ ಹತ್ತಿರ ಬಾಡಿಗೆ ಮನೆ ಹಿಡಿದಿದ್ದಾರಂತೆ. ನೂಲಿನ ಕೆಲಸ ಗೊತ್ತಿಲ್ಲ. ರಾಗಿ ಕಳೆ ಕಿತ್ತು, ಮನೆಗೆಲಸ ಮಾಡಿ ಅಭ್ಯಾಸ.

"ಕಷ್ಟದ ಕೆಲ್ಸವಾ ಅಮ್ಮಾ?" ಅಂದಳು.

ನಿಧಾನಕ್ಕೆ ರೂಢಿಯಾಗುತ್ತೆ, ನಾವೆಲ್ಲ ಇದ್ದೀವಲ್ಲ ಅನ್ನುವ ಮಾತು ಬಾಯಿಗೆ ಬಂದೇಬಿಟ್ಟಿತ್ತು. ಜನ ಬೇಕಾಗಿತ್ತು. ನನ್ನ ಕೈ ನೋಯುತ್ತಿತ್ತು. ಬಾಗಿಲ ಬೆಳಕಿನಲ್ಲಿ ಎರಡೂ ಕೈ ಚಾಚಿ ಅವಳಿಗೆ ತೋರಿಸಿದೆ.

"ಒಂದು ತಿಂಗಳಿಗೆ ಹಿಂಗಾಗ್ತದೆ," ಅಂದೆ. "ಕೈ ಕೆಟ್ಟೋರು ಒಸಿ ದಿನ ಕಿಟಕಿ ಹತ್ರ ಕೂರ್ಬೇಕು, ವಾಸಿಯಾದ್ಮೇಲೆ ಇನ್ನೊಬ್ರು. ಹಂಗೆ ಮಾಡಣ ಅಂತ ಆಪಾ ಹೇಳವ್ಳೆ. ನೋಡ್ಕೊಂಡು ಹೇಳವ್ವ."

ಅವಳು ನನ್ನ ಬೆರಳು ಒಂದೊಂದನ್ನೇ ಬಿಡಿಸಿ ನೋಡಿದಳು. ಸಂತೆಯಲ್ಲಿ ಬದನೆಕಾಯಿ ನೋಡುವ ಹಾಗೆ, ಅವಸರವಿಲ್ಲದೆ. ಆಮೇಲೆ ತನ್ನ ಕೈ ನೋಡಿಕೊಂಡಳು.

"ಸೋಮವಾರದಿಂದ ಬತ್ತೀನಿ ಬುಡಿ," ಅಂದಳು.

ಒಳಗೆ ಬರಹೇಳಿ ಕಾಫಿ ಕೊಟ್ಟೆ. ಲೋಟ ಬಿಸಿಯಿತ್ತು. ನಾನು ಸೆರಗಿನಲ್ಲಿ ಹಿಡಿದುಕೊಂಡೆ, ಅವಳು ಬರಿಗೈಯಲ್ಲಿ.